ಹಲ್ಲಿದೆ, ಕಡಲೆ ಇಲ್ಲ

ಹಲ್ಲಿದ್ದವನಿಗೆ ಕಡಲೆ ಇಲ್ಲ, ಕಡಲೆ ಇದ್ದವನಿಗೆ ಹಲ್ಲಿಲ್ಲ ಅಂತ ಗಾದೆ ಮಾಡಿದ ನಮ್ಮ ಹಿರಿಯರು ಅಮೆರಿಕದ ನೌಕಾಪಡೆಯನ್ನು ನೋಡಿರಲಿಲ್ಲ. ನೋಡಿದ್ದರೆ ಇನ್ನೊಂದು ಸಾಲು ಸೇರಿಸುತ್ತಿದ್ದರು. ಸಾಲ ಮಾಡಿ ಹಲ್ಲು ಕಟ್ಟಿಸಿಕೊಂಡು, ಆಮೇಲೆ ಕಡಲೆ ರೇಟು ಕೇಳಿದವನ ಬಗ್ಗೆ.

2016ರ ಅಕ್ಟೋಬರ್ 15. ಬಾಲ್ಟಿಮೋರ್ ಬಂದರು. ಬ್ಯಾಂಡು, ಬಾವುಟ, ಭಾಷಣ. ಜುಮ್‌ವಾಲ್ಟ್ ಎಂಬ ಹೊಸ ಯುದ್ಧನೌಕೆ ಸೇವೆಗೆ ಸೇರಿತು. 186 ಮೀಟರ್ ಉದ್ದ, 15,000 ಟನ್ನಿನ ಆಸುಪಾಸು ತೂಕ. ನೋಡಲು ಸಮುದ್ರದ ಮೇಲೆ ಮಗುಚಿಟ್ಟ ಇಸ್ತ್ರಿಪೆಟ್ಟಿಗೆ. ಮುಂದುಗಡೆ ಎರಡು ಫಿರಂಗಿ, ಬಾಯಿ 155 ಮಿಲಿಮೀಟರ್. ಅವಕ್ಕೆಂದೇ ಮಾಡಿಸಿದ ಗುಂಡಿನ ಒಳಗೆ ಜಿಪಿಎಸ್, ಹಿಂದೆ ರಾಕೆಟ್. ಉದ್ದ ಎರಡು ಮೀಟರಿಗೂ ಜಾಸ್ತಿ, ತೂಕ 100 ಕೆಜಿ ಮೀರಿ. ಹಾರುವ ದೂರ 63 ನಾಟಿಕಲ್ ಮೈಲಿ, ಅಂದರೆ ಸುಮಾರು 117 ಕಿಲೋಮೀಟರ್. ವಿಧಾನಸೌಧದ ಮೆಟ್ಟಿಲ ಮೇಲಿಟ್ಟು ಹೊಡೆದರೆ ಹೆಚ್ಚುಕಡಿಮೆ ಶ್ರೀರಂಗಪಟ್ಟಣದಲ್ಲಿ ಬೀಳಬೇಕು. (ಬೇಡ ಬಿಡಿ. ಆ ಊರಿನ ಮೇಲೆ ಈಗಾಗಲೇ ಸಾಕಷ್ಟು ಗುಂಡು ಬಿದ್ದಿದೆ.)

ಸಮಾರಂಭದ ಹೂವು ಬಾಡಿ ಮೂರು ವಾರ ಆಗಿತ್ತು. ನವೆಂಬರ್ ಮೊದಲ ವಾರ ಸುದ್ದಿ ಹೊರಬಿತ್ತು: ನೌಕಾಪಡೆ ಆ ಗುಂಡನ್ನು ಕೊಳ್ಳುವುದಿಲ್ಲವಂತೆ. ಕಾರಣ? ತುಂಬಾ ದುಬಾರಿಯಂತೆ.

ಎಷ್ಟು ದುಬಾರಿ ಅಂದರೆ ಒಂದಕ್ಕೆ 8 ಲಕ್ಷ ಡಾಲರ್. ಅವತ್ತಿನ ಲೆಕ್ಕದಲ್ಲಿ ಐದು ಕೋಟಿ ರೂಪಾಯಿಗೂ ಮೇಲೆ. ಒಂದು ಗುಂಡಿಗೆ! ಆ ಫಿರಂಗಿಯ ದೊಡ್ಡಸ್ತಿಕೆ ಏನೆಂದರೆ ನಿಮಿಷಕ್ಕೆ ಹತ್ತು ಗುಂಡು ಹಾರಿಸಬಲ್ಲದು, ಮನುಷ್ಯರು ಕೈ ಹಾಕುವುದೇ ಬೇಡ. ಹಡಗಿಗೆ ಎರಡು ಫಿರಂಗಿ. ನಿಮಿಷಕ್ಕೆ ಇಪ್ಪತ್ತು. ಗುಣಿಸಿ ನೋಡಿ. ನಿಮಿಷಕ್ಕೆ ನೂರು ಕೋಟಿ ರೂಪಾಯಿ ಚಿಲ್ಲರೆ. ಇಷ್ಟೆಲ್ಲ ಕೊಟ್ಟು ಕಳಿಸುವ ಸಿಡಿಮದ್ದು ಎಷ್ಟು? ಒಂದು ಗುಂಡಿನ ಹೊಟ್ಟೆಯಲ್ಲಿ ಸುಮಾರು 11 ಕೆಜಿ. ಇನ್ನೊಂದಿಷ್ಟು ದುಡ್ಡು ಹಾಕಿದರೆ ಟೊಮಾಹಾಕ್ ಕ್ಷಿಪಣಿಯೇ ಬರುತ್ತದೆ. ಅದು ಸಾವಿರದ ಐನೂರು ಕಿಲೋಮೀಟರ್ ದಾಟಿ ಹೋಗಿ 450 ಕೆಜಿ ಸಿಡಿತಲೆ ಇಳಿಸಿ ಬರುತ್ತದೆ. ಬರುತ್ತದೆ ಅಂದರೆ, ವಾಪಸು ಬರುವುದಿಲ್ಲ. ಮಾತಿಗೆ ಹೇಳಿದೆ.

ಕ್ಷಿಪಣಿ ದುಬಾರಿ, ಆದ್ದರಿಂದ ಅಗ್ಗವಾಗಲಿ ಅಂತಲೇ ಈ ಫಿರಂಗಿ ಮಾಡಿಸಿದ್ದು ಎಂಬುದನ್ನು ಇಲ್ಲಿ ಮರೆಯಬಾರದು.

ಬೆಲೆ ಏರಿದ್ದಕ್ಕೆ ಯಾರೂ ಕಳ್ಳರಲ್ಲ, ಅಥವಾ ಎಲ್ಲರೂ ಸ್ವಲ್ಪ ಸ್ವಲ್ಪ. ಮೊದಲು 32 ಹಡಗು ಅಂದುಕೊಂಡಿದ್ದರು. ಆಮೇಲೆ 24 ಸಾಕು ಅಂದರು. ಆಮೇಲೆ ಏಳು. ಕಡೆಗೆ ಮೂರು. ನಮ್ಮ ಕಡೆ ಮದುವೆ ಮಾಡಿದವರಿಗೆ ಇದು ಚೆನ್ನಾಗಿ ಅರ್ಥವಾಗುತ್ತದೆ. ಸಾವಿರ ಎಲೆ ಅಂತ ಅಡುಗೆ ಭಟ್ಟರಿಗೆ ಹೇಳಿ, ಆ ಲೆಕ್ಕದಲ್ಲಿ ಹಂಡೆ, ಒಲೆ, ಆಳು ಎಲ್ಲ ಗೊತ್ತು ಮಾಡಿ, ಹಿಂದಿನ ರಾತ್ರಿ ಫೋನ್ ಮಾಡಿ "ಭಟ್ಟರೇ, ತೊಂಬತ್ತು ಎಲೆ ಸಾಕು, ಆದರೆ ರೇಟು ಎಲೆಗೆ ಇಷ್ಟೇ ಅಲ್ವಾ?" ಅಂದರೆ ಭಟ್ಟರು ಏನು ಹೇಳುತ್ತಾರೋ, ಗುಂಡಿನ ಕಂಪನಿ ಲಾಕ್‌ಹೀಡ್ ಮಾರ್ಟಿನ್‌ ಲೆಕ್ಕವೂ ಅದೇ. ಶುರುವಿನಲ್ಲಿ ಗುಂಡೊಂದಕ್ಕೆ 50,000 ಡಾಲರ್ ಒಳಗೇ ಮುಗಿಯುತ್ತದೆ ಅನ್ನುವ ಅಂದಾಜಿತ್ತು. ಎಲೆ ಕಮ್ಮಿಯಾಯಿತು, ಹೋಳಿಗೆ ರೇಟು ಏರಿತು.

ಹೋಗಲಿ, ಬೇರೆ ಗುಂಡು ಹಾಕಿ ಹೊಡೆಯಬಹುದಲ್ಲ? 155 ಮಿಲಿಮೀಟರ್ ಅಂದರೆ ಜಗತ್ತಿನ ಅರ್ಧ ಸೈನ್ಯಗಳ ಮಾಮೂಲಿ ಅಳತೆ. ಎಲ್ಲಿ ಕೇಳಿದರೂ ಸಿಗುತ್ತದೆ. ಆದರೆ ಈ ನಳಿಗೆಯನ್ನು, ಗುಂಡು ಎತ್ತಿ ತುಂಬುವ ಯಂತ್ರವನ್ನು, ಕೆಳಗಿನ ಉಗ್ರಾಣವನ್ನು ಎಲ್ಲವನ್ನೂ ಆ ಒಂದೇ ಗುಂಡಿಗೆ ಹೊಲಿಸಿದ್ದರು. ಭೂಸೇನೆಯ ಎಕ್ಸ್‌ಕ್ಯಾಲಿಬರ್ ಗುಂಡನ್ನು ಹಾಕಿ ನೋಡೋಣ ಎಂಬ ಯೋಚನೆ ಬಂತು. ಅದಕ್ಕೆ ಎಲ್ಲವನ್ನೂ ಬಿಚ್ಚಿ ಬದಲಾಯಿಸಬೇಕಿತ್ತು. ಯೋಚನೆ ಅಲ್ಲಿಗೇ ನಿಂತಿತು. ಅಳತೆ ಒಂದೇ, ಆದರೂ ಕೂರುವುದಿಲ್ಲ. ಜಾತಕ ಕೂಡಿ ಬರಲಿಲ್ಲ ಅಂತಾರಲ್ಲ, ಹಾಗೆ.

ದೂರದ ಈ ಹುಚ್ಚು ಇವತ್ತಿನದಲ್ಲ. ಬೈಕಿನ ಜಾಹೀರಾತಿನಲ್ಲಿ ಬರುವ ಮೈಲೇಜು ಒಂದು, ನಮ್ಮ ರಸ್ತೆಯಲ್ಲಿ ಸಿಗುವುದು ಇನ್ನೊಂದು. ಹಡಗಿನ ಫಿರಂಗಿಗೂ ಯಾವಾಗಲೂ ಎರಡು ಮೈಲೇಜು. ಗುಂಡು ಎಷ್ಟು ದೂರ ಹೋಗುತ್ತದೆ ಅನ್ನುವುದು ಒಂದು. ಎಷ್ಟು ದೂರದಲ್ಲಿ ತಗಲುತ್ತದೆ ಅನ್ನುವುದು ಇನ್ನೊಂದು. ಮೊದಲನೆಯದು ಪೇಪರಿನಲ್ಲಿ ಬರುತ್ತದೆ.

1898ರಲ್ಲಿ ಕ್ಯೂಬಾದ ಸಾಂಟಿಯಾಗೊ ಹೊರಗೆ ಅಮೆರಿಕದ ಹಡಗುಗಳು ಸ್ಪೇನಿನ ಹಡಗುಗಳ ಮೇಲೆ 9,000ಕ್ಕೂ ಹೆಚ್ಚು ಗುಂಡು ಹಾರಿಸಿದವು. ತಗಲಿದ್ದು ನೂರಿಪ್ಪತ್ತರ ಆಸುಪಾಸು. ಕಣ್ಣಿಗೆ ಕಾಣುವ ದೂರದಲ್ಲೇ ಈ ಕತೆ. ಆದರೂ ಗೆದ್ದರು. ಗೆದ್ದವರಿಗೆ ಲೆಕ್ಕ ಕೇಳುವ ಪದ್ಧತಿ ಇಲ್ಲವಲ್ಲ.

ಅದೇ ಕಾಲಕ್ಕೆ ಬ್ರಿಟಿಷ್ ನೌಕಾಪಡೆಯಲ್ಲಿ ಪರ್ಸಿ ಸ್ಕಾಟ್ ಎಂಬ ಅಧಿಕಾರಿ ಇದ್ದ. ಗುರಿ ಇಡುವ ಹುಚ್ಚು ಅವನಿಗೆ. 1899ರಲ್ಲಿ ಅವನ ಹಡಗು ಸಿಲ್ಲಾ ನೂರಕ್ಕೆ ಎಂಬತ್ತು ಗುಂಡು ಗುರಿಗೆ ತಗಲಿಸಿತು. ಉಳಿದ ಹಡಗುಗಳು ಅದರ ಅರ್ಧಕ್ಕೂ ಮುಟ್ಟುತ್ತಿರಲಿಲ್ಲ. ಯಾಕೆ ಅಂದರೆ ಫಿರಂಗಿ ಹಾರಿಸಿದರೆ ಹೊಗೆ ಬರುತ್ತದೆ, ಹೊಗೆಯಿಂದ ಬಣ್ಣ ಕಪ್ಪಾಗುತ್ತದೆ, ಬಣ್ಣ ಕಪ್ಪಾದರೆ ಕ್ಯಾಪ್ಟನ್ನಿಗೆ ಬಡ್ತಿ ತಪ್ಪುತ್ತದೆ. ಅಭ್ಯಾಸಕ್ಕೆ ಕೊಟ್ಟ ಗುಂಡನ್ನು ಸದ್ದಿಲ್ಲದೆ ಸಮುದ್ರಕ್ಕೆ ಹಾಕಿದವರ ಕತೆಗಳು ಆ ಕಾಲದಲ್ಲಿ ಬೇಕಾದಷ್ಟು. 1907ರಲ್ಲಿ ಜರ್ಮನಿಯ ಕೈಸರ್ ಬರುತ್ತಾನೆ, ಹಡಗುಗಳಿಗೆ ಬಣ್ಣ ಬಳಿಯಿರಿ ಅಂತ ಮೇಲಿನಿಂದ ಆದೇಶ ಬಂತು. ಸ್ಕಾಟ್ ಕೈಕೆಳಗಿನ ಒಂದು ಹಡಗು ಗುಂಡು ಹಾರಿಸುವ ಅಭ್ಯಾಸದಲ್ಲಿತ್ತು. ಅದಕ್ಕೆ ಅವನು ಕಳಿಸಿದ ಸಂದೇಶದ ಸಾರಾಂಶ: ಈಗ ಗುರಿಗಿಂತ ಬಣ್ಣಕ್ಕೇ ಬೇಡಿಕೆ ಜಾಸ್ತಿ ಇದ್ದಂತಿದೆ, ಬೇಗ ಬಂದು ಚೆಂದ ಕಾಣಿಸಿಕೊಳ್ಳಿ. ಮೇಲಧಿಕಾರಿ ಲಾರ್ಡ್ ಬೆರೆಸ್‌ಫರ್ಡ್ ಕೆಂಡಾಮಂಡಲ. ಸ್ಕಾಟ್‌ಗೆ ಎಲ್ಲರೆದುರು ಛೀಮಾರಿ. ಗುರಿ ತಪ್ಪಿದ್ದಕ್ಕೆ ಬೈಸಿಕೊಂಡವರು ಎಷ್ಟು ಜನವೋ ಕಾಣೆ.

ಆಮೇಲೆ ಶುರುವಾಯಿತು ನೋಡಿ ಪೈಪೋಟಿ. 1906ರ ಡ್ರೆಡ್‌ನಾಟ್ ಹಡಗಿಗೆ 12 ಇಂಚಿನ ಫಿರಂಗಿ. ಅವರದು 12 ಆದರೆ ನಮ್ಮದು 14. ನಿಮ್ಮದು 14 ಆದರೆ ನಮ್ಮದು 15. ಬೀದಿಯಲ್ಲಿ ಒಬ್ಬರು ಎರಡು ಮಹಡಿ ಕಟ್ಟಿದರೆ ಎದುರು ಮನೆಯವರು ಮೂರು ಕಟ್ಟುವ ಹಾಗೆ. ಈ ಬೀದಿಯ ಕೊನೆಯ ಮನೆ ಜಪಾನಿನ ಯಮಾಟೊ. ಫಿರಂಗಿಯ ಬಾಯಿ 46 ಸೆಂಟಿಮೀಟರ್, ಒಂದು ಗುಂಡಿಗೆ ಸುಮಾರು ಒಂದೂವರೆ ಟನ್, ಹಾರುವ ದೂರ 42 ಕಿಲೋಮೀಟರ್. ಗುಟ್ಟು ಕಾಯಲು ಕಾಗದದ ಮೇಲೆ ಅದನ್ನು 40 ಸೆಂಟಿಮೀಟರ್ ಅಂತಲೇ ಬರೆದರು. ಅದರ ಜೋಡಿ ಹಡಗು ಮುಸಾಶಿಯನ್ನು ನಾಗಸಾಕಿಯಲ್ಲಿ ಕಟ್ಟುವಾಗ ಯಾರಿಗೂ ಕಾಣಬಾರದೆಂದು ನಾರಿನ ಹಗ್ಗದ ಪರದೆ ಇಳಿಬಿಟ್ಟರು. ಎಷ್ಟು ದೊಡ್ಡ ಪರದೆ ಅಂದರೆ ಊರಿನ ಬೆಸ್ತರಿಗೆ ಬಲೆ ಹೆಣೆಯಲು ನಾರೇ ಸಿಗದಂತಾಯಿತು. ಏನೋ ನಡೀತಿದೆ ಅನ್ನುವುದು ಊರಿಗೆಲ್ಲ ಗೊತ್ತಾಗಿದ್ದು ಹಾಗೆ ಅಂತ ನನ್ನ ಗುಮಾನಿ.

42 ಕಿಲೋಮೀಟರ್ ಹೋಗಲು ಆ ಗುಂಡಿಗೆ ಒಂದೂವರೆ ನಿಮಿಷ ಬೇಕು. ಅಷ್ಟು ಹೊತ್ತಿನಲ್ಲಿ ಎದುರಾಳಿ ಹಡಗು ಗಂಟೆಗೆ 55 ಕಿಲೋಮೀಟರ್ ವೇಗದಲ್ಲಿ ಓಡಿದರೆ ಸುಮಾರು 1,400 ಮೀಟರ್ ಆಚೆ ಹೋಗಿರುತ್ತದೆ. ಅದೂ ಯಾವ ಕಡೆಗೆ ಅಂತ ಹೇಳಿ ಹೋಗುವುದಿಲ್ಲ. ಚಲಿಸುವ ಹಡಗಿನಿಂದ ಚಲಿಸುವ ಹಡಗಿಗೆ ಗುಂಡು ತಗಲಿದ ಅತಿ ದೂರದ ದಾಖಲೆಗಳು 1940ರವು. ಜುಲೈನಲ್ಲಿ ಬ್ರಿಟನ್ನಿನ ವಾರ್‌ಸ್ಪೈಟ್ ಇಟಲಿಯ ಜೂಲಿಯೊ ಚೇಸರೆ ಹಡಗಿಗೆ ಹೊಡೆದದ್ದು ಅದರಲ್ಲೊಂದು. ದೂರ ಸುಮಾರು 24 ಕಿಲೋಮೀಟರ್. ಅಂದರೆ ಯಮಾಟೊದ ಉಳಿದ 18 ಕಿಲೋಮೀಟರ್ ಬರೀ ಮೀನಿಗೆ. 1945ರ ಏಪ್ರಿಲ್ 7ರಂದು ಓಕಿನಾವದ ದಾರಿಯಲ್ಲಿ ಅದನ್ನು ಮುಳುಗಿಸಿದ್ದು ವಿಮಾನಗಳು. ಆ ವಿಮಾನಗಳನ್ನು ತಂದ ಹಡಗುಗಳು ಎಲ್ಲೋ ದೂರದಲ್ಲಿದ್ದವು, 42 ಕಿಲೋಮೀಟರಿಗಿಂತ ತುಂಬ ತುಂಬ ಆಚೆ. ಸುಮಾರು 3,000 ಜನ ಸತ್ತರು. ಅದರಲ್ಲಿ ತಮಾಷೆ ಏನೂ ಇಲ್ಲ.

ಇದಕ್ಕೆ ಎದುರಾಗಿ ನಮ್ಮ ಪಕ್ಕದ ಮದ್ರಾಸನ್ನು ನೋಡಿ. 1914ರ ಸೆಪ್ಟೆಂಬರ್ 22ರ ರಾತ್ರಿ ಜರ್ಮನಿಯ ಎಮ್ಡನ್ ಬಂತು. ಫಿರಂಗಿಯ ಬಾಯಿ ಹತ್ತೂವರೆ ಸೆಂಟಿಮೀಟರ್, ಯುದ್ಧನೌಕೆಗಳ ಲೆಕ್ಕದಲ್ಲಿ ಆಟಿಕೆ. ಕ್ಯಾಪ್ಟನ್ ದೂರದ ಬಗ್ಗೆ ತಲೆ ಕೆಡಿಸಿಕೊಳ್ಳಲಿಲ್ಲ. ದಡಕ್ಕೆ ಮೂರು ಕಿಲೋಮೀಟರ್ ಹತ್ತಿರ ಬಂದ, ದೀಪ ಹಾಕಿದ, ನೂರಮೂವತ್ತರಷ್ಟು ಗುಂಡು ಹಾರಿಸಿದ, ಬರ್ಮಾ ಆಯಿಲ್ ಕಂಪನಿಯ ಟ್ಯಾಂಕುಗಳಿಗೆ ಬೆಂಕಿ ಹಚ್ಚಿ ಹೊರಟುಹೋದ. ಊರಿಗೆ ಊರೇ ಗಂಟುಮೂಟೆ ಕಟ್ಟಿತು. ಅವನ ಹತ್ತಿರ ಗುಂಡು ಇತ್ತು, ಅಷ್ಟೇ ವಿಶೇಷ.

ಮತ್ತೆ ಜುಮ್‌ವಾಲ್ಟ್‌ಗೆ ಬರೋಣ. ಈ ಫಿರಂಗಿ ಯಾರಿಗೆ ಬೇಕಿತ್ತು? ಕಡಲಿನಿಂದ ದಡಕ್ಕೆ ಇಳಿಯುವ ಮರೀನ್ ಸೈನಿಕರಿಗೆ ಹಿಂದಿನಿಂದ ಗುಂಡಿನ ಬೆಂಬಲ ಬೇಕು ಅನ್ನುವುದು ವಾದ. ಮೊದಲು ಆ ಕೆಲಸಕ್ಕೆ ಐಯೋವಾ ವರ್ಗದ ಹಳೇ ಹಡಗುಗಳಿದ್ದವು. 16 ಇಂಚಿನ ಫಿರಂಗಿ, 1,200 ಕೆಜಿ ಮೀರಿದ ಗುಂಡು, 38 ಕಿಲೋಮೀಟರ್. ಮದ್ದನ್ನು ರೇಷ್ಮೆ ಚೀಲದಲ್ಲಿ ತುಂಬುತ್ತಿದ್ದರು. ಸಾಯಿಸುವುದರಲ್ಲೂ ಒಂದು ಮರ್ಯಾದೆ. 1990ರ ದಶಕದ ಆರಂಭದಲ್ಲಿ ಆ ಹಡಗುಗಳನ್ನು ನಿಲ್ಲಿಸಿದರು. ಅಮೆರಿಕದ ಸಂಸತ್ತಿಗೆ ಕರುಳು ಕಿತ್ತು ಬಂತು. ಸರಿಸಮಾನವಾದ ಫಿರಂಗಿ ಬರುವ ತನಕ ಎರಡು ಹಳೇ ಹಡಗನ್ನು ಪಟ್ಟಿಯಲ್ಲಿ ಇಟ್ಟುಕೊಂಡಿರಿ ಅಂತ 1996ರಲ್ಲಿ ಕಾನೂನನ್ನೇ ಮಾಡಿತು. ನೌಕಾಪಡೆ "ಬರ್ತಿದೆ, ಬರ್ತಿದೆ, 117 ಕಿಲೋಮೀಟರಿನದು ಬರ್ತಿದೆ" ಎಂದಿತು. 2006ರಲ್ಲಿ ಹಳೆಯವು ಪಟ್ಟಿಯಿಂದ ಹೋದವು. ಹೊಸದು ಬಂತು, ಗುಂಡಿಲ್ಲದೆ. ಅತ್ತೆಯನ್ನು ಊರಿಗೆ ಕಳಿಸಿದ ಮೇಲೆ ಸೊಸೆಗೆ ಅಡುಗೆ ಬರೋಲ್ಲ ಅಂತ ಗೊತ್ತಾದ ಹಾಗೆ.

ಈ ಹಡಗಿನ ಇನ್ನೊಂದು ಗುಣ ಹೇಳದಿದ್ದರೆ ಪಾಪ ಬರುತ್ತದೆ. ಇದು ರಾಡಾರಿಗೆ ಕಾಣುವುದಿಲ್ಲ. ಕಂಡರೂ ಸಣ್ಣ ಮೀನು ದೋಣಿಯಂತೆ ಕಾಣುತ್ತದೆ. ಆ ಇಸ್ತ್ರಿಪೆಟ್ಟಿಗೆ ಆಕಾರ ಅದಕ್ಕೇ. ಆದರೆ ಕಟ್ಟಿದ್ದು ಮೇನ್ ರಾಜ್ಯದ ಬಾತ್‌ನಲ್ಲಿ. ಅಲ್ಲಿ ಲಾಬ್‌ಸ್ಟರ್ ಎಂಬ ದೊಡ್ಡ ಸಮುದ್ರ ಸಿಗಡಿ ಹಿಡಿಯುವ ದೋಣಿಗಳು ಜಾಸ್ತಿ, ಮಂಜೂ ಜಾಸ್ತಿ. ಯಾರಾದರೂ ಬಂದು ಗುದ್ದಿದರೆ? ಅದಕ್ಕೆ ಪರೀಕ್ಷೆಯ ಸಮಯದಲ್ಲಿ ರಾಡಾರಿಗೆ ಚೆನ್ನಾಗಿ ಕಾಣಲೆಂದು ಹಡಗಿನ ಮೇಲೆ ದೊಡ್ಡ ಪ್ರತಿಫಲಕಗಳನ್ನು ಏರಿಸಿ ನೋಡಿದರು. ಕಾಣದಿರಲು ಕೋಟಿಗಟ್ಟಲೆ ಡಾಲರ್, ಕಾಣಲು ಮತ್ತೊಂದಿಷ್ಟು ಡಬ್ಬ. 2016ರ ನವೆಂಬರ್‌ನಲ್ಲೇ, ಗುಂಡಿನ ಸುದ್ದಿ ಇನ್ನೂ ಹಸಿ ಇರುವಾಗ, ಪನಾಮ ಕಾಲುವೆಯಲ್ಲಿ ಎಂಜಿನ್ ಕೈಕೊಟ್ಟಿತು. ಹಡಗು ಗೋಡೆಗೆ ಮೈ ಉಜ್ಜಿತು. ಆಮೇಲೆ ಎಳೆದು ತಂದು ನಿಲ್ಲಿಸಿದರು. ಅವತ್ತು ಮಾತ್ರ ಅದು ಎಲ್ಲರಿಗೂ ಕಂಡಿತು.

ಸಂಶೋಧನೆಯೂ ಸೇರಿ ಮೂರು ಹಡಗಿಗೆ ಆದ ಖರ್ಚು 2,200 ಕೋಟಿ ಡಾಲರ್ ದಾಟಿತು. ಇಷ್ಟಾದ ಮೇಲೆ ಗುಂಡಿಲ್ಲದ ಫಿರಂಗಿ ಇಟ್ಟುಕೊಂಡು ಮಾಡುವುದೇನು? ಒಂದು ವರ್ಷ ಯೋಚಿಸಿ, 2017ರ ಕೊನೆಗೆ ದಾರಿ ಕಂಡುಕೊಂಡರು. ಹಡಗಿನ ಕೆಲಸವನ್ನೇ ಬದಲಾಯಿಸಿದರು. ದಡಕ್ಕೆ ಹೊಡೆಯುವುದು ಬೇಡ, ಇನ್ನು ಮೇಲೆ ನಡುಸಮುದ್ರದಲ್ಲಿ ಹಡಗುಗಳಿಗೆ ಹೊಡೆಯಲಿ. ಉತ್ತರ ಗೊತ್ತಿಲ್ಲದಿದ್ದರೆ ಪ್ರಶ್ನೆ ತಿದ್ದುವ ಈ ಉಪಾಯ ನಮ್ಮ ಕೆಲವು ಪರೀಕ್ಷೆಗಳಲ್ಲೂ ಚಾಲ್ತಿಯಲ್ಲಿದೆ.

2023ರ ಆಗಸ್ಟ್‌ನಲ್ಲಿ ಜುಮ್‌ವಾಲ್ಟ್ ಮಿಸಿಸಿಪ್ಪಿಯ ಪ್ಯಾಸ್ಕಗೂಲ ಹಡಗುಕಟ್ಟೆಗೆ ಬಂತು. ಅಲ್ಲಿ ಹಲ್ಲು ಕೀಳುವ ಕಾರ್ಯಕ್ರಮ. ಫಿರಂಗಿ ಕಿತ್ತು, ಆ ಗುಂಡಿಯಲ್ಲಿ ನಾಲ್ಕು ದಪ್ಪ ಕೊಳವೆ ಕೂರಿಸಿದರು. ಒಂದೊಂದರಲ್ಲಿ ಮೂರು ಹೈಪರ್‌ಸಾನಿಕ್ ಕ್ಷಿಪಣಿ, ಅಂದರೆ ಶಬ್ದದ ಐದು ಪಟ್ಟಿಗೂ ಮೀರಿದ ವೇಗದ್ದು, ಒಟ್ಟು ಹನ್ನೆರಡು. ಒಂದರ ಬೆಲೆ ಎಷ್ಟು ಅಂತ ನಾನು ಕೇಳಲು ಹೋಗಿಲ್ಲ. 8 ಲಕ್ಷ ಡಾಲರ್ ಅಂದರೆ ಬಸ್ ಚಾರ್ಜು ಅನ್ನಿಸುವಷ್ಟು ಇರುತ್ತದೆ ಅನ್ನುವುದು ಮಾತ್ರ ಖಂಡಿತ. ದೂರ? ಅದಂತೂ ಸಾವಿರಗಟ್ಟಲೆ ಕಿಲೋಮೀಟರ್. ಅಲ್ಲಿಗೆ ಎಲ್ಲರಿಗೂ ಸಮಾಧಾನ.

ಇಷ್ಟರ ನಡುವೆ ಇನ್ನೊಂದು ಫಿರಂಗಿಯೂ ಬಂದು ಹೋಯಿತು. ಮದ್ದು ಬೇಡ, ವಿದ್ಯುತ್ತಿನಿಂದಲೇ ಗುಂಡು ತಳ್ಳುವ ರೈಲ್‌ಗನ್. ಹದಿನೈದು ವರ್ಷ, ಸುಮಾರು 50 ಕೋಟಿ ಡಾಲರ್. ದೂರ 160 ಕಿಲೋಮೀಟರ್ ಮೀರುತ್ತದೆ ಅಂದಿದ್ದರು. ನಳಿಗೆ ಸವೆಯುತ್ತದೆ, ಕರೆಂಟು ಸಾಲದು ಅಂತ ಗೋಳು. 2021ರಲ್ಲಿ ಮೂಲೆಗಿಟ್ಟರು.

2025ರ ಡಿಸೆಂಬರ್‌ನಲ್ಲಿ ಅಮೆರಿಕದ ಅಧ್ಯಕ್ಷರು ಮತ್ತೆ ದೊಡ್ಡ ಯುದ್ಧನೌಕೆಗಳನ್ನು ಕಟ್ಟಿಸುವುದಾಗಿ ಸಾರಿದರು. 30,000 ಟನ್ನಿಗೂ ಮೇಲಿನದು, ವರ್ಗಕ್ಕೆ ಅವರದೇ ಹೆಸರು. ಅದರ ಮೇಲೆ ಕೂರಿಸುವ ಸಾಮಾನಿನ ಪಟ್ಟಿಯಲ್ಲಿ ಮೂಲೆಗಿಟ್ಟ ಅದೇ ರೈಲ್‌ಗನ್ ಇದೆ. ಈ ಪಡೆಗೆ ಇಟ್ಟ ಹೆಸರು ಗೋಲ್ಡನ್ ಫ್ಲೀಟ್.

ಹಲ್ಲು ಕಿತ್ತ ಜಾಗದ ಗಾಯ ಇನ್ನೂ ಒಣಗಿಲ್ಲ. ಈ ಸಲ ಚಿನ್ನದ್ದೇ ಕಟ್ಟಿಸುತ್ತಾರಂತೆ.