ಯಕ್ಷ ಮಾಯವಾಗಲಿಲ್ಲ

ನಿನ್ನೆ ರಾತ್ರಿ ಕೊರಟಗೆರೆ ಹತ್ತಿರದ ಹಳ್ಳಿಯೊಂದರಲ್ಲಿ ಕುರುಕ್ಷೇತ್ರ ನಾಟಕ ನೋಡಿ, ಬೆಳಗಿನ ಮೊದಲ ಬಸ್ಸಿಗೆ ತುಮಕೂರಿಗೆ ಬಂದೆ. ಇನ್ನೂ ಮಲಗಿಲ್ಲ. ಕೋಪಕ್ಕೆ ನಿದ್ದೆ ಬರುತ್ತಿಲ್ಲ. ಕೋಪ ನಾಟಕದ ಮೇಲಲ್ಲ.

ದುರ್ಯೋಧನನ ಪಾತ್ರ ಮಾಡಿದವರು ರಸ್ತೆ ಬದಿಯಲ್ಲಿ ಎಳನೀರು ಮಾರುವವರು. ನಮ್ಮ ಕಡೆಯ ಪದ್ಧತಿ ನಿಮಗೆ ಗೊತ್ತೇ ಇದೆ, ಪಾತ್ರ ಬೇಕಾದವರು ತಾವೇ ಹಣ ಕಟ್ಟಬೇಕು. ಸೀನರಿ, ವೇಷಭೂಷಣ, ಮೇಷ್ಟ್ರ ಸಂಭಾವನೆ ಎಲ್ಲವೂ ಅದರಲ್ಲೇ ಆಗಬೇಕು. ದೊಡ್ಡ ಪಾತ್ರಕ್ಕೆ ದೊಡ್ಡ ಮೊತ್ತ. ಆ ಮನುಷ್ಯ ದುಡಿದ ಹಣ ಕಟ್ಟಿ, ತಿಂಗಳುಗಟ್ಟಲೆ ರಾತ್ರಿ ಅಭ್ಯಾಸ ಮಾಡಿ ರಂಗಕ್ಕೆ ಬಂದಿದ್ದರು. ನಡುರಾತ್ರಿ ಕಳೆದ ಮೇಲೆ ವಿದ್ಯುತ್ ಹೋಯಿತು. ಮೈಕ್ ನಿಂತಿತು. ಅವರ ಪದ್ಯ ನಿಲ್ಲಲಿಲ್ಲ. ಹಾರ್ಮೋನಿಯಂ ಮೇಷ್ಟ್ರು ಕತ್ತಲಲ್ಲೇ ಶ್ರುತಿ ಹಿಡಿದುಕೊಂಡು ಹೋದರು. ಮುಂದಿನ ಸಾಲಿನವರು ಮೊಬೈಲ್ ದೀಪ ಹಿಡಿದರು. ಆ ಬೆಳಕಿನಲ್ಲಿ ದುರ್ಯೋಧನ ಹೆಗಲ ಮೇಲಿನ ಗದೆ ಇಳಿಸಿದ. ಇಳಿಸುವಾಗ ಬಲ ಮೊಣಕಾಲು ತುಸು ಬಾಗಿತು, ಮಣಭಾರ ಕೆಳಗಿಟ್ಟವರಿಗೆ ಬಾಗುವ ಹಾಗೆ. ಆ ಗದೆ ಟೊಳ್ಳು. ಸಂಜೆ ಅದನ್ನೇ ಆರು ವರ್ಷದ ಹುಡುಗನೊಬ್ಬ ಒಂದು ಕೈಯಲ್ಲಿ ಎತ್ತಿಕೊಂಡು ಓಡಾಡುವುದನ್ನು ನಾನು ನೋಡಿದ್ದೆ.

ಆ ಮೊಣಕಾಲು ನೋಡಿದ ಕ್ಷಣದಿಂದ, ನಾನು ಸಹ ನಿರ್ದೇಶಕನಾಗಿರುವ ಚಿತ್ರದ ನಾಯಕ ನಟನ ನೆನಪು ಹೋಗುತ್ತಿಲ್ಲ.

ಚಿತ್ರದ ಕಥೆಯನ್ನು ಇಲ್ಲಿ ಒಮ್ಮೆ ಹೇಳಿಕೊಂಡಿದ್ದೆ. ಮಧುಗಿರಿ ಸೀಮೆಯ ಬತ್ತಿದ ಕೆರೆಯೊಂದರ ಯಕ್ಷ. ಕಾಯಲು ನೀರೇ ಇಲ್ಲವಾದ್ದರಿಂದ ಊರಿನ ಶುದ್ಧ ಕುಡಿಯುವ ನೀರಿನ ಘಟಕಕ್ಕೆ ಬಂದು ಕೂರುತ್ತಾನೆ. 5 ರೂಪಾಯಿ ನಾಣ್ಯ ಹಾಕಿ 20 ಲೀಟರ್ ಹಿಡಿಯಲು ಬಂದವರನ್ನು ಪ್ರಶ್ನೆ ಕೇಳಿ ಕಾಡುತ್ತಾನೆ. ಮಹಾಭಾರತದ ವನಪರ್ವದಲ್ಲಿ ಯಕ್ಷನ ಪ್ರಶ್ನೆಗೆ ಉತ್ತರಿಸದೆ ನೀರು ಮುಟ್ಟಿದ ನಾಲ್ವರು ಪಾಂಡವರು ಬಿದ್ದರು. ನಮ್ಮಲ್ಲಿ ಬೀಳುವವನು ಯಕ್ಷನೇ. ಜೀವನವಿಡೀ ನೀರು ಹೊತ್ತ ಅಜ್ಜಿಯೊಬ್ಬಳು ತಿರುಗಿಸಿ ಕೇಳಿದ ಪ್ರಶ್ನೆಗೆ ಅವನಲ್ಲಿ ಉತ್ತರವಿಲ್ಲ. ಮಧುಗಿರಿ, ಪಾವಗಡದ ಕೊಳವೆಬಾವಿಗಳ ಫ್ಲೋರೈಡ್ ನೀರು ಕುಡಿದವರಿಗೆ ಈ ಹಾಸ್ಯದ ಹಿಂದೆ ಏನಿದೆ ಎಂದು ಬಿಡಿಸಿ ಹೇಳಬೇಕಾಗಿಲ್ಲ.

ಗ್ರಾಫಿಕ್ಸ್‌ಗೆ ನಮ್ಮಲ್ಲಿ ದುಡ್ಡಿರಲಿಲ್ಲ. ಸಾಂಬ್ರಾಣಿ ಹೊಗೆ, ಮೀನು ಹಿಡಿಯುವ ದಾರ, ಥರ್ಮಾಕೋಲ್ ಕಿರೀಟ, ಇಷ್ಟೇ ನಮ್ಮ ಇಂದ್ರಜಾಲ. ನಮ್ಮ ಜಿಲ್ಲೆಯ ಗುಬ್ಬಿಯಲ್ಲಿ 1884ರಲ್ಲಿ ಹುಟ್ಟಿದ ನಾಟಕ ಕಂಪನಿಯನ್ನು ಬೆಳೆಸಿದ ವೀರಣ್ಣನವರು ರಂಗದ ಮೇಲೆ ಆನೆ, ಕುದುರೆಗಳನ್ನೇ ತಂದರು. ನಮಗೆ ಆ ಶಕ್ತಿ ಇಲ್ಲ. ಇಲ್ಲದವರ ಚಿತ್ರದಲ್ಲಿ ನಟನ ನಂಬಿಕೆಯೇ ಗ್ರಾಫಿಕ್ಸ್. ಕಿರೀಟ ಚಿನ್ನದ್ದೆಂದು ಅವನು ನಂಬಿದರೆ ಮಾತ್ರ ನೋಡುವವರಿಗೆ ಅದು ಚಿನ್ನ.

ಯಕ್ಷನಾಗಿದ್ದ ನಮ್ಮ ನಾಯಕ ನಂಬಲಿಲ್ಲ. ತಡವಾಗಿ ಬಂದಿದ್ದನ್ನು ಕ್ಷಮಿಸಬಲ್ಲೆ. ಊಟ ಸರಿಯಿಲ್ಲವೆಂದು ಮಧುಗಿರಿಯಿಂದ ತುಮಕೂರಿಗೆ ಕಾರು ಓಡಿಸಿದ್ದನ್ನೂ ಕ್ಷಮಿಸಬಲ್ಲೆ. ಆದರೆ ಪ್ರತಿ ಟೇಕ್‌ನಲ್ಲೂ ತುಟಿಯ ತುದಿಯಲ್ಲಿ ಒಂದು ಸಣ್ಣ ನಗೆ ಇಟ್ಟುಕೊಳ್ಳುತ್ತಿದ್ದರು. 'ಈ ಹುಚ್ಚಾಟಕ್ಕೂ ನನಗೂ ಸಂಬಂಧವಿಲ್ಲ, ನಾನು ಇದಕ್ಕಿಂತ ದೊಡ್ಡವನು' ಎಂದು ಪ್ರೇಕ್ಷಕರಿಗೆ ತಿಳಿಸುವ ನಗೆ. ಅದನ್ನು ನಾನು ಕ್ಷಮಿಸಲಾರೆ. ಆ ನಗೆ ಒಂದೊಂದು ಸಲ ಬಂದಾಗಲೂ ಕಿರೀಟ ಮತ್ತೆ ಥರ್ಮಾಕೋಲ್ ಆಗುತ್ತಿತ್ತು. ರಾತ್ರಿಯಿಡೀ ಕೂತು ಅದಕ್ಕೆ ಬಂಗಾರದ ಕಾಗದ ಅಂಟಿಸಿದ ಹುಡುಗ ಕ್ಯಾಮೆರಾ ಪಕ್ಕದಲ್ಲೇ ನಿಂತಿರುತ್ತಿದ್ದ.

ಗೆಳೆಯರೊಬ್ಬರು ಹೇಳಿದರು, 'ಅದು ಹಾಸ್ಯಚಿತ್ರ ಅಲ್ಲವೇ? ಅಷ್ಟು ಗಂಭೀರವಾಗಿ ಏಕೆ ಮಾಡಬೇಕು?' ಇದಕ್ಕಿಂತ ತಪ್ಪಾದ ಮಾತು ಇನ್ನೊಂದಿಲ್ಲ. ತಿಪಟೂರಿನ ಹಾಸ್ಯನಟ ನರಸಿಂಹರಾಜು ಅವರನ್ನು ನೋಡಿ. 'ಸತ್ಯ ಹರಿಶ್ಚಂದ್ರ' ಚಿತ್ರದಲ್ಲಿ ನಕ್ಷತ್ರಿಕನಾಗಿ ಹರಿಶ್ಚಂದ್ರನ ಬೆನ್ನು ಹತ್ತಿ ಸಾಲ ಕೇಳುವಾಗ ಅವರಿಗೆ ನಿಜವಾಗಿಯೂ ಆ ಹಣ ಬೇಕಾಗಿದೆ. ಅದಕ್ಕೇ ನಾವು ನಗುತ್ತೇವೆ. ಸಂಭಾವನೆ ಕಡಿಮೆ, ಬಿಸಿಲು ಹೆಚ್ಚು, ಕ್ಯಾರವಾನ್ ಇರಲಿಲ್ಲ ಎನ್ನುವವರೂ ಇದ್ದಾರೆ. ಲೈಟ್ ಹುಡುಗರ ತಲೆಯ ಮೇಲಿದ್ದದ್ದೂ ಅದೇ ಬಿಸಿಲು. ಕಥೆ ಹಿಡಿಸದಿದ್ದರೆ ಮುಂಗಡ ಪಡೆಯುವ ಮೊದಲೇ ಬೇಡ ಎನ್ನಬಹುದಿತ್ತು.

ಒಂದು ದಿನದ ಸಂಗತಿ ಹೇಳಲೇಬೇಕು. ಯಕ್ಷ ಮಾಯವಾಗುವ ದೃಶ್ಯ. ಸಿನಿಮಾ ಹುಟ್ಟಿದ ಕಾಲದ ತಂತ್ರ ಅದು, ಕಾಸು ಖರ್ಚಿಲ್ಲ. ಕ್ಯಾಮೆರಾ ಅಲುಗಬಾರದು. ಎಲ್ಲರೂ ಇದ್ದಲ್ಲೇ ಕಲ್ಲಿನಂತೆ ನಿಲ್ಲಬೇಕು. ಯಕ್ಷ ಮಾತ್ರ ಚೌಕಟ್ಟಿನಿಂದ ಆಚೆ ನಡೆದುಹೋಗಬೇಕು. ಆ ನಡಿಗೆಯನ್ನು ಸಂಕಲನದಲ್ಲಿ ಕತ್ತರಿಸಿದರೆ ಯಕ್ಷ ಕಣ್ಣೆದುರೇ ಮಾಯ. ಊರಿನ ಒಂಬತ್ತು ಹೆಂಗಸರು ಸೊಂಟದ ಮೇಲೆ ಕ್ಯಾನ್ ಹೊತ್ತು ನಿಂತರು. ಖಾಲಿ ಕ್ಯಾನ್ ಸಾಕೆಂದು ನಾವು ಹೇಳಿದ್ದೆವು. ಖಾಲಿ ಹೊತ್ತರೆ ನಿಲುವು ಸುಳ್ಳಾಗಿ ಕಾಣುತ್ತದೆ ಎಂದು ಅವರೇ ನೀರು ತುಂಬಿಸಿಕೊಂಡರು. ನಟರಲ್ಲದ ಆ ಹೆಂಗಸರಿಗೆ ಅದು ಗೊತ್ತಿತ್ತು.

ನಾಯಕರು ನಡೆಯಬೇಕಾಗಿದ್ದು ಐದು ಹೆಜ್ಜೆ. ಮೂರನೆಯ ಹೆಜ್ಜೆಗೆ ಪೀತಾಂಬರದೊಳಗಿನ ಮೊಬೈಲ್ ರಿಂಗಾಯಿತು. ಅಲ್ಲೇ ನಿಂತು ಮಾತನಾಡಿದರು. ಹನ್ನೆರಡು ನಿಮಿಷ. ಯಾರಾದರೂ ಕ್ಯಾನ್ ಇಳಿಸಿದರೆ ನಿಲುವು ಕೆಡುತ್ತದೆ. ಅಂಚಿನಲ್ಲಿ ನಿಂತಿದ್ದ ಹಸಿರು ಸೀರೆಯ ತಾಯಿಯ ಮೊಣಕೈ ನಡುಗಲು ತೊಡಗಿತ್ತು, ಕ್ಯಾನಿನ ಬಾಯಿಂದ ನೀರು ತುಳುಕಿ ಸೆರಗು ನೆನೆಯುತ್ತಿತ್ತು. ಫೋನ್ ಮುಗಿಯುವಷ್ಟರಲ್ಲಿ ಹುಣಸೆ ಮರದ ಸಂಜೆಯ ನೆರಳು ಘಟಕದ ಮೆಟ್ಟಿಲು ಹತ್ತಿತ್ತು. ನೆರಳು ಜಿಗಿದರೆ ಕತ್ತರಿಸಿದ್ದು ಗೊತ್ತಾಗುತ್ತದೆ. ದೃಶ್ಯ ಹಾಳಾಯಿತು. ಅವರು ಮಾನಿಟರ್ ನೋಡಿ ಅದೇ ನಗೆ ನಕ್ಕು, 'ಇದನ್ನೆಲ್ಲ ಯಾರು ಗಮನಿಸುತ್ತಾರೆ ಬಿಡಿ' ಎಂದರು.

ಈಗ ನನ್ನ ತಪ್ಪನ್ನೂ ಹೇಳುತ್ತೇನೆ. ಸಹ ನಿರ್ದೇಶಕನಾಗಿ ಆ ಹನ್ನೆರಡು ನಿಮಿಷ ನಾನು ಅವರಿಗೆ ಒಂದು ಮಾತೂ ಹೇಳಲಿಲ್ಲ. ಎದ್ದು ಹೋದರೆ ಚಿತ್ರ ನಿಲ್ಲುತ್ತದೆ ಎಂಬ ಭಯ. ಬದಲಿಗೆ ಆ ಹೆಂಗಸರ ಕಡೆ ತಿರುಗಿ, 'ಅಮ್ಮಾ, ಎರಡೇ ನಿಮಿಷ, ಅಲುಗಾಡಬೇಡಿ' ಎಂದು ಮೂರು ಸಲ ಹೇಳಿದೆ. ಮೂರನೆಯ ಸಲ ದನಿ ಏರಿಸಿದೆ. ಬೈಯಬೇಕಾದವರನ್ನು ಬಿಟ್ಟು ಭಾರ ಹೊತ್ತವರ ಮೇಲೆ ದನಿ ಏರಿಸಿದೆ. ಹಸಿರು ಸೀರೆಯ ತಾಯಿ ನನ್ನ ಮುಖ ನೋಡಿದರು, ಏನೂ ಅನ್ನಲಿಲ್ಲ. ನಿನ್ನೆ ಗದೆ ಇಳಿಸುವಾಗ ಬಾಗಿದ ಮೊಣಕಾಲು ನೋಡಿ ನನಗೆ ಕಣ್ಣು ತುಂಬಿದ್ದು ಅದಕ್ಕೇ.

ಚಿತ್ರಕ್ಕೆ ಇನ್ನೂ ಎರಡು ದಿನದ ಕೆಲಸ ಬಾಕಿ ಇದೆ. ಬೆಳಿಗ್ಗೆ ನಿರ್ದೇಶಕರಿಗೆ ಫೋನ್ ಮಾಡಿ, ಮಾಯವಾಗುವ ದೃಶ್ಯವನ್ನು ಮತ್ತೆ ತೆಗೆಯಲೇಬೇಕು, ಸೆಟ್‌ನಲ್ಲಿ ನಾಯಕರ ಮೊಬೈಲ್ ನನ್ನ ಕೈಗೆ ಬರಬೇಕು, ಒಪ್ಪದಿದ್ದರೆ ನಾನು ಬರುವುದಿಲ್ಲ ಎಂದೆ. ಅವರು ಬಹಳ ಹೊತ್ತು ಸುಮ್ಮನಿದ್ದು, 'ಆಯಿತು, ನಾನೇ ಮಾತನಾಡುತ್ತೇನೆ. ಆದರೆ ಆ ಹೆಂಗಸರು ಇನ್ನೊಮ್ಮೆ ಬರುತ್ತಾರಾ?' ಎಂದು ಕೇಳಿದರು.

ಗೊತ್ತಿಲ್ಲ. ಹಸಿರು ಸೀರೆಯ ತಾಯಿಯ ಮನೆ ಘಟಕದ ಹಿಂದಿನ ಬೀದಿಯಲ್ಲಿದೆ. ಭಾನುವಾರ ಮೊದಲ ಬಸ್ಸಿಗೆ ಮಧುಗಿರಿಗೆ ಹೋಗುತ್ತಿದ್ದೇನೆ. ದೃಶ್ಯದ ಮಾತು ಆಮೇಲೆ, ಮೊದಲು ಅವರ ಕ್ಷಮೆ ಕೇಳಬೇಕು.