ಕೊಲಂಬಸ್ ಚಿಕ್ಕಪ್ಪನ ಲೈಟ್‌ಹೌಸ್ ಅಂತೆ!

ಈಗಷ್ಟೇ ಒಂದು ರೀಲ್ ನೋಡಿ ತಲೆ ಕೆಟ್ಟಿತು. ಇಟಲಿಯ ಜಿನೋವಾ ಬಂದರು. ಹಿಂದೆ ಲಾಂಟೆರ್ನಾ ಲೈಟ್‌ಹೌಸ್. ಮುಂದೆ ಕೂಲಿಂಗ್ ಗ್ಲಾಸ್ ಹಾಕಿದ ನಮ್ಮ ಕನ್ನಡದ ಹುಡುಗ. "ಫ್ರೆಂಡ್ಸ್, ಚಿಕ್ಕಪ್ಪ ಇಲ್ಲೇ ಕೆಲಸಕ್ಕಿದ್ದ, ಪುಟ್ಟ ಕೊಲಂಬಸ್ ಇದೇ ಗೋಪುರದ ಮೇಲೆ ಕೂತು ಸಮುದ್ರ ನೋಡ್ತಿದ್ದ!" ಅಷ್ಟೇ. ಮುಂದಿನ ದೃಶ್ಯ ಪೆಸ್ಟೋ ಪಾಸ್ತಾ.

ಲೈಟ್‌ಹೌಸ್ ವಿಷಯ ಬಂದರೆ ನಾನು ಸುಮ್ನಿರೋದಿಲ್ಲ ಅಂತ ನಿಮಗೆಲ್ಲ ಗೊತ್ತು. ಸಹಿಸಿಕೊಳ್ಳಿ.

ಕೊಲಂಬಸ್ ಸತ್ತದ್ದು 1506ರಲ್ಲಿ. ಈಗಿನ ಗೋಪುರ ಈ ರೂಪಕ್ಕೆ ಬಂದದ್ದು 1543ರಲ್ಲಿ. ಪಾಪ, ಅವನು ಇದನ್ನು ನೋಡಿಯೇ ಇಲ್ಲ. ಅವನ ಚಿಕ್ಕಪ್ಪ ಅಂತ ಹೇಳಲಾಗುವ ಅಂತೋನಿಯೋ ಕೊಲಂಬೋ 1449ರಲ್ಲಿ ಇಲ್ಲಿದ್ದ ಹಳೇ ಗೋಪುರದಲ್ಲಿ ದೀಪ ಕಾಯುತ್ತಿದ್ದ, ಸರಿ. ಆದರೆ ಆಗ ಕೊಲಂಬಸ್ ಹುಟ್ಟಿರಲೇ ಇಲ್ಲ! ಅವನು ಹುಟ್ಟಿದ್ದು 1451ರ ಸುಮಾರಿಗೆ.

ಹಳೇ ಗೋಪುರ ಏನಾಯ್ತು ಅಂತ ಯಾರಾದರೂ ಕೇಳ್ತಾರಾ? ಅದು 12ನೇ ಶತಮಾನದ್ದು. 16ನೇ ಶತಮಾನದ ಶುರುವಿನಲ್ಲಿ ಫ್ರಾನ್ಸಿನ ದೊರೆ 12ನೇ ಲೂಯಿ ಊರನ್ನು ಹದ್ದುಬಸ್ತಿನಲ್ಲಿಡಲು ಗೋಪುರದ ಬುಡದಲ್ಲೇ ಕೋಟೆ ಕಟ್ಟಿಸಿದ. ಜಿನೋವಾದವರು ಆ ಕೋಟೆಗೆ ಫಿರಂಗಿ ಹೊಡೆದರು. ಗುಂಡು ಗೋಪುರಕ್ಕೂ ಬಿತ್ತು. ತಮ್ಮ ಹಡಗುಗಳಿಗೆ ದಾರಿ ತೋರಿಸುವ ಗೋಪುರವನ್ನು ತಾವೇ ಮುರಿದುಕೊಂಡ ಊರು! ಇದಕ್ಕಿಂತ ಕಥೆ ಬೇಕಾ? ಇಲ್ಲ, ನಮಗೆ ಕೊಲಂಬಸ್ಸೇ ಬೇಕು.

ಆಮೇಲೆ ಕಟ್ಟಿದ್ದನ್ನು ಕಣ್ಣುಬಿಟ್ಟು ನೋಡಿ. ದುಂಡಗಿಲ್ಲ, ಚೌಕ. ದೊಡ್ಡ ಡಬ್ಬದ ಮೇಲೆ ಚಿಕ್ಕ ಡಬ್ಬ ಇಟ್ಟ ಹಾಗೆ ಎರಡು ಹಂತ. ಪ್ರತಿ ಹಂತದ ತುದಿಯಲ್ಲೂ ಹೊರಗೆ ಚಾಚಿದ ತಾರಸಿ. ಕೆಳಗಿನ ಹಂತದ ಗೋಡೆಯ ಮೇಲೆ ಊರಿನ ಲಾಂಛನ, ಬಿಳಿ ಮೇಲೆ ಕೆಂಪು ಶಿಲುಬೆ. ಗೋಪುರವೇ ಸುಮಾರು 77 ಮೀಟರ್. ಅದು ನಿಂತಿರುವ ಬಂಡೆಯೂ ಸೇರಿದರೆ ದೀಪ ಸಮುದ್ರದಿಂದ 117 ಮೀಟರ್ ಮೇಲೆ. ಭೂಮಿ ದುಂಡಗಿದೆಯಲ್ಲ, ದೀಪ ಎತ್ತರದಲ್ಲಿದ್ದಷ್ಟೂ ದೂರದ ಹಡಗಿಗೆ ಕಾಣುತ್ತದೆ. ಬಂಡೆ ಆರಿಸಿದವನ ತಲೆ ಮೆಚ್ಚಬೇಕು.

ದೀಪದ್ದೇ ಇನ್ನೊಂದು ಕಥೆ. ಮೊದಲು ಒಣ ಕಟ್ಟಿಗೆ ಉರಿಸುತ್ತಿದ್ದರು. 1326ರಲ್ಲಿ ಆಲಿವ್ ಎಣ್ಣೆ ದೀಪ ಬಂತು. 1841ರಲ್ಲಿ ಫ್ರೆನೆಲ್ ಮಸೂರ. ನನಗೆ ಹುಚ್ಚು ಹಿಡಿಸಿದ್ದು ಇದೇ. ಸಾಮಾನ್ಯ ದೀಪದ ಬೆಳಕು ಎಲ್ಲ ಕಡೆ ಚದುರುತ್ತದೆ. ಆಕಾಶಕ್ಕೆ, ನೆಲಕ್ಕೆ ಹೋದದ್ದೆಲ್ಲ ದಂಡ. ಈ ಮಸೂರದಲ್ಲಿ ಉಂಗುರ ಉಂಗುರವಾಗಿ ಜೋಡಿಸಿದ ಗಾಜು ಆ ಬೆಳಕನ್ನೂ ಬಗ್ಗಿಸಿ ಸಮುದ್ರದ ಕಡೆಗೇ ಕಳಿಸುತ್ತದೆ. ಅದೇ ಕೆಲಸಕ್ಕೆ ಒಂದೇ ದಪ್ಪ ಗಾಜು ಮಾಡಿದ್ದರೆ ಅದನ್ನು ಮೇಲೆ ಹೊತ್ತೊಯ್ಯುವುದೇ ಕಷ್ಟ. ಇಡೀ ರೀಲ್‌ನಲ್ಲಿ ಇದರ ಬಗ್ಗೆ ಒಂದು ಮಾತಿಲ್ಲ. ಪಾಸ್ತಾದ ಕ್ಲೋಸ್‌ಅಪ್ ಮಾತ್ರ ಜಾಸ್ತಿ!

"ಕೊಲಂಬಸ್ ಹೆಸರಿಂದಾದ್ರೂ ಜನ ನೋಡ್ತಾರೆ ಬಿಡಿ ಸಾರ್" ಅಂತ ಯಾರೋ ಖಂಡಿತ ಬರೀತೀರಿ. ಏನು ನೋಡ್ತಾರೆ? ಅವನನ್ನೇ ನೋಡ್ತಾರೆ. ಅವನು ದಾರಿ ತಪ್ಪಿ ಎಲ್ಲೋ ಇಳಿದು ಇಂಡಿಯಾ ಅಂದವನು. ದಾರಿ ತೋರಿಸೋ ಗೋಪುರಕ್ಕೆ ಅವನೇ ಬ್ರ್ಯಾಂಡ್ ಅಂಬಾಸಿಡರ್!

ಆ ರೀಲ್ ಕೆಳಗೆ ಒಬ್ಬರು ಇನ್ನೊಂದು ದಂತಕಥೆ ಅಂಟಿಸಿದ್ದಾರೆ. ಇಂಥದ್ದು ಬೇರೆಲ್ಲೂ ಕಟ್ಟಬಾರದು ಅಂತ ಕಟ್ಟಿದವನನ್ನು ಮೇಲಿಂದ ತಳ್ಳಿದರಂತೆ. ತಾಜ್‌ಮಹಲ್‌ನಲ್ಲಿ ಕೈ ಕತ್ತರಿಸಿದರು ಅಂತಾರಲ್ಲ, ಅದರ ಇಟಲಿ ಶಾಖೆ. ಕಟ್ಟಿದವರ ಕೆಲಸದ ಬಗ್ಗೆ ಒಂದು ಸಾಲು ಹೇಳೋಕೆ ಬಿಡುವಿಲ್ಲ, ಅವರನ್ನು ಸಾಯಿಸೋಕೆ ಮಾತ್ರ ಎಲ್ಲರಿಗೂ ಪುರುಸೊತ್ತು. ನಾನೂ ಸಿವಿಲ್ ಓದಿದವನು ಅಲ್ವಾ, ಉರಿ ಸ್ವಲ್ಪ ಜಾಸ್ತೀನೇ.