ಮೇಷ್ಟ್ರ ಹದಿಮೂರು ಮನವಿಗಳು

ಮೊನ್ನೆ ಭಾನುವಾರ ನಮ್ಮ ಬೀದಿಯ ನಿವೃತ್ತ ಮೇಷ್ಟ್ರೊಬ್ಬರು ಪ್ಲಾಸ್ಟಿಕ್ ಕವರ್ ಹಿಡಿದು ಮನೆಗೆ ಬಂದರು. ಒಳಗೆ ಹದಿಮೂರು ಮನವಿಗಳ ಪ್ರತಿ. ಒಂದೊಂದರ ಮೂಲೆಯಲ್ಲೂ ಕಚೇರಿಯ ನೇರಳೆ ಮೊಹರು, ಇನ್‌ವರ್ಡ್ ನಂಬರ್, ಟಪಾಲು ಗುಮಾಸ್ತರ ಗೀಚು ಸಹಿ. 2011ರಲ್ಲಿ ನಿವೃತ್ತರಾದಾಗ ವೇತನ ನಿಗದಿಯಲ್ಲಿ ಒಂದು ಇಂಕ್ರಿಮೆಂಟ್ ಬಿಟ್ಟುಹೋಗಿದೆ. ಅಂದಿನಿಂದ ಪಿಂಚಣಿ ಕಡಿಮೆಯೇ ಬರುತ್ತಿದೆ. "ವರ್ಷಕ್ಕೊಂದು ಕೊಟ್ಟಿದೀನಿ ಕಣಮ್ಮಾ, ನನ್ನ ಕಡೆಯಿಂದ ತಡ ಆಗಿಲ್ಲ" ಅಂದರು.

ಕೇಳಿ ಹೊಟ್ಟೆಯಲ್ಲಿ ಸಂಕಟವಾಯಿತು. ಇಪ್ಪತ್ತೆರಡು ವರ್ಷ ಕಚೇರಿಯಲ್ಲಿ ಕಡತ ನೋಡಿದವಳು ನಾನು. ಮನವಿ ಕೊಟ್ಟರೆ ಕೋರ್ಟಿಗೆ ಹೋಗುವ ಅವಧಿಯ ಗಡಿಯಾರ ನಿಲ್ಲುತ್ತದೆ ಅಂತ ನಂಬಿದವರು ನಮ್ಮಲ್ಲಿ ಎಷ್ಟು ಜನ! 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 21ನೇ ಕಲಂ ಪ್ರಕಾರ ಮನವಿಗೆ ಆರು ತಿಂಗಳು ಉತ್ತರ ಬಾರದಿದ್ದರೆ, ಅಲ್ಲಿಂದ ಒಂದು ವರ್ಷದೊಳಗೆ ಸರ್ಕಾರಿ ನೌಕರರ ಸೇವಾ ತಕರಾರು ಕೇಳುವ ಆ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಆಮೇಲೆ ಹತ್ತು ಮನವಿ ಕೊಟ್ಟರೂ ಅವಧಿ ಹೊಸದಾಗಿ ಶುರುವಾಗುವುದಿಲ್ಲ. ಹಳೇ ವಿಷಯಕ್ಕೆ ಕಚೇರಿ ಈಗ ಹಿಂಬರಹ, ಅಂದರೆ ಲಿಖಿತ ಉತ್ತರ, ಕೊಟ್ಟರೂ ಅಷ್ಟೇ, ಸಿ. ಜೇಕಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2008ರಲ್ಲೇ ಇದನ್ನು ಹೇಳಿದೆ.

ಪುಣ್ಯಕ್ಕೆ ಪಿಂಚಣಿ ಮತ್ತು ಸಂಬಳದ ವಿಷಯದಲ್ಲಿ ಬಾಗಿಲು ಪೂರ್ತಿ ಮುಚ್ಚಿಲ್ಲ. ಪ್ರತಿ ತಿಂಗಳು ಕಡಿಮೆ ಹಣ ಬಂದಾಗಲೆಲ್ಲ ತಪ್ಪು ಮತ್ತೆ ನಡೆದಂತೆ ಎನ್ನುವುದು 1995ರ ಎಂ.ಆರ್. ಗುಪ್ತಾ ತೀರ್ಪು. ಆದರೆ ಬಾಕಿ? ತರಸೇಮ್ ಸಿಂಗ್ 1983ರಲ್ಲಿ ಅನಾರೋಗ್ಯದಿಂದ ಸೇನೆ ಬಿಟ್ಟವರು. ಅಂಗವೈಕಲ್ಯ ಪಿಂಚಣಿ ಕೇಳಿ ಕೋರ್ಟಿಗೆ ಬಂದದ್ದು 1999ರಲ್ಲಿ. ಹೈಕೋರ್ಟ್ ಹದಿನಾರು ವರ್ಷದ ಬಾಕಿ ಕೊಡಿ ಅಂದರೆ, ಸುಪ್ರೀಂ ಕೋರ್ಟ್ 2008ರಲ್ಲಿ ಅದು ಸರಿಯಲ್ಲ, ಇಂಥಲ್ಲಿ ಬಾಕಿ ಸಾಮಾನ್ಯವಾಗಿ ಅರ್ಜಿಗೆ ಹಿಂದಿನ ಮೂರು ವರ್ಷಕ್ಕಷ್ಟೇ ಎಂದಿತು.

ಬಡ್ತಿ, ಜ್ಯೇಷ್ಠತೆಯಲ್ಲಿ ಇಷ್ಟೂ ಇಲ್ಲ. ಅದನ್ನು ನಾನು ಒಪ್ಪುತ್ತೇನೆ. ಹತ್ತು ವರ್ಷದ ಮೇಲೆ ಬಂದು ಪಟ್ಟಿಯಲ್ಲಿ ಮೇಲೆ ಹಾಕಿ ಅಂದರೆ, ಆಗಲೇ ಬಡ್ತಿ ಪಡೆದವರು ಕೆಳಗಿಳಿಯಬೇಕು.

ಇಂಕ್ರಿಮೆಂಟ್ ಹಾಗಲ್ಲ. ಮೇಷ್ಟ್ರಿಗೆ ಕೊಟ್ಟರೆ ಯಾರ ಅನ್ನವೂ ಕಿತ್ತಂತಾಗುವುದಿಲ್ಲ. ತಪ್ಪು ಇಲಾಖೆಯದೇ, ಸೇವಾ ಪುಸ್ತಕವೂ ಇಲಾಖೆಯ ಬೀರುವಿನಲ್ಲೇ ಇದೆ. ತಾನೇ ಉತ್ತರ ಕೊಡದೆ ಕೂತ ಸರ್ಕಾರ ಕೋರ್ಟಿನಲ್ಲಿ "ಅರ್ಜಿದಾರರು ತಡ ಮಾಡಿದ್ದಾರೆ" ಅನ್ನಬಾರದು. ದಾಖಲೆಯಲ್ಲೇ ಕಾಣುವ ತಪ್ಪಿಗೆ ಆ ತಕರಾರು ಎತ್ತಕೂಡದು ಅಂತ ಸರ್ಕಾರವೇ ಸುತ್ತೋಲೆ ಹೊರಡಿಸಲಿ. ಬೇರೆಯವರು ಕೇಸು ಗೆದ್ದ ಮೇಲೆ ಕೋರ್ಟಿಗೆ ಬಂದವರನ್ನು ಬೇಲಿ ಮೇಲೆ ಕೂತು ಕಾದು ನೋಡಿದವರು ಅನ್ನುತ್ತಾರೆ. ಆದರೆ ತನ್ನ ಇಲಾಖೆಯ ಮೇಲೇ ಕೇಸು ಹಾಕಲು ಹಳ್ಳಿ ಶಾಲೆಯ ಮೇಷ್ಟ್ರಿಗೆ ಎಷ್ಟು ಭಯವಿರುತ್ತದೆ ಅಂತ ನನಗೆ ಗೊತ್ತು.

ಮೇಷ್ಟ್ರು ಬೆರಳು ಮಡಚಿ ಲೆಕ್ಕ ಹಾಕಿದರು. "ಹಂಗಾದ್ರೆ ಈ ತಿಂಗಳು ಸುಮ್ನಿದ್ರೆ ಹಿಂದಿಂದ ಒಂದು ತಿಂಗಳು ಹೋಯ್ತಾ?"

"ಹೌದು ಮೇಷ್ಟ್ರೇ."

ಪಾಸ್‌ಬುಕ್ ಎಂಟ್ರಿ ಮಾಡಿಸಿಕೊಂಡು ನಾಳೆಯೇ ವಕೀಲರ ಹತ್ತಿರ ಹೋಗುತ್ತಿದ್ದೇವೆ. ಹದಿನಾಲ್ಕನೇ ಮನವಿಯನ್ನೂ ಬರೆದು ತಂದಿದ್ದರು. ಅದನ್ನು ಕವರಿನಿಂದ ತೆಗೆದು ನನ್ನ ಮೇಜಿನ ಮೇಲೇ ಬಿಟ್ಟುಹೋದರು.